ಅನಿಲ ಅಂದರೆ ಬರೀ ಗ್ಯಾಸಾ?

ನನ್ನ ಹೆಸರು ಅನಿಲ. ಏಳನೇ ಕ್ಲಾಸಿನವರೆಗೆ ಈ ಹೆಸರಿನಿಂದ ನನಗೆ ಯಾವ ತೊಂದರೆಯೂ ಇರಲಿಲ್ಲ. ಆಮೇಲೆ ವಿಜ್ಞಾನದ ಪುಸ್ತಕದಲ್ಲಿ ಒಂದು ಸಾಲು ಬಂತು. ನಾವು ಹೊರಗೆ ಬಿಡುವ ಉಸಿರಿನಲ್ಲಿ ಇಂಗಾಲದ ಡೈಆಕ್ಸೈಡ್ ಅನಿಲ ಇರುತ್ತದೆ, ಅಂತ. ಗಟ್ಟಿಯಾಗಿ ಓದುತ್ತಿದ್ದ ಹುಡುಗ 'ಅನಿಲ' ಅನ್ನುವಲ್ಲಿ ನಿಂತ. ನನ್ನ ಕಡೆ ತಿರುಗಿ ನೋಡಿದ. ಅಷ್ಟೇ ಸಾಕಾಯಿತು. ಆವತ್ತಿನಿಂದ ಹತ್ತನೇ ಕ್ಲಾಸು ಮುಗಿಯುವ ತನಕ ನಾನು 'ಗ್ಯಾಸ್'. ಕಿಟಕಿ ತೆಗೀರೋ, ಅನಿಲ ಬಂದ, ಅನ್ನುವ ಜೋಕನ್ನು ಎಷ್ಟು ಸಲ ಕೇಳಿದ್ದೇನೋ ಲೆಕ್ಕವಿಲ್ಲ.

ಮನೆಗೆ ಹೋಗಿ ಅಪ್ಪನ ಹತ್ತಿರ ಜಗಳ ಆಡಿದೆ. "ಅನಿಲ ಅಂದ್ರೆ ಗಾಳಿ ಕಣೋ, ವಾಯುದೇವರ ಹೆಸರು" ಅಂದರು ಅವರು. ಅದರಿಂದ ಏನೂ ಸಮಾಧಾನ ಆಗಲಿಲ್ಲ. ಗಾಳಿ ಅಂತ ಕ್ಲಾಸಿನಲ್ಲಿ ಹೇಳಿದರೆ ಜೋಕು ಇನ್ನೂ ಜಾಸ್ತಿ ಆಗುತ್ತದೆ ಅಂತ ಆ ವಯಸ್ಸಿಗೇ ಗೊತ್ತಿತ್ತು.

ಸಂಸ್ಕೃತದ 'ಅನ್' ಅನ್ನುವ ಧಾತುವಿಗೆ ಉಸಿರಾಡು ಅಂತ ಅರ್ಥ ಎನ್ನುವುದು ಎಷ್ಟೋ ವರ್ಷ ಆದಮೇಲೆ ತಿಳಿಯಿತು. ಪ್ರಾಣ, ಅಪಾನ, ವ್ಯಾನ, ಉದಾನ, ಎಲ್ಲದರ ಹೊಟ್ಟೆಯಲ್ಲೂ ಇರುವುದು ಅದೇ 'ಅನ್'. ಅನಿಲದಲ್ಲೂ ಅದೇ. ಗ್ರೀಕರು ಗಾಳಿಗೆ ಅನೆಮೋಸ್ ಅನ್ನುತ್ತಿದ್ದರು, ಲ್ಯಾಟಿನ್ನಿನಲ್ಲಿ ಅನಿಮಾ ಅಂದರೆ ಉಸಿರು, ಜೀವ. ಇವೆಲ್ಲ ದೂರದ ದಾಯಾದಿಗಳು. ಗ್ಯಾಸಿಗೆ ಒಂದು ಪದ ಬೇಕಾದಾಗ ಪಠ್ಯಪುಸ್ತಕದವರು ಈ ಹಳೇ ಪದವನ್ನು ಎತ್ತಿಕೊಂಡರು, ಅಷ್ಟೇ. ನನ್ನ ಕಷ್ಟ ಅವರಿಗೇನು ಗೊತ್ತು!

ಇದೆಲ್ಲ ಮತ್ತೆ ನೆನಪಾಗಿದ್ದು ಮಗಳು ಹುಟ್ಟಿದಾಗ.

ಅವಳಿಗೆ ಆಗ ಮೂರು ವಾರ. ಇನ್ನೂ ಹೆಸರಿಟ್ಟಿರಲಿಲ್ಲ. ಆಸ್ಪತ್ರೆಯಲ್ಲಿ ಕೈಗೆ ಕಟ್ಟಿದ್ದ ಪಟ್ಟಿಯಲ್ಲೂ ಅಮ್ಮನ ಹೆಸರೇ ಇತ್ತು, ಅವಳದ್ದು ಅಂತ ಏನೂ ಇರಲಿಲ್ಲ. ರಾತ್ರಿ ಎರಡರ ಹೊತ್ತು. ಹೆಂಡತಿ ಸುಸ್ತಾಗಿ ಮಲಗಿದ್ದಳು. ನಾನು ತೊಟ್ಟಿಲ ಪಕ್ಕ ಕೂತು ಫೋನಿನಲ್ಲಿ ಹೆಸರುಗಳ ಪಟ್ಟಿ ಮಾಡುತ್ತಿದ್ದೆ. ಸುಮ್ನೆ ಒಮ್ಮೆ ಮಗುವಿನ ಕಡೆ ನೋಡಿದೆ. ಹೊಟ್ಟೆ ಏಳುತ್ತಿತ್ತು, ಇಳಿಯುತ್ತಿತ್ತು. ಏಳುತ್ತಿತ್ತು, ಇಳಿಯುತ್ತಿತ್ತು. ಆಮೇಲೆ ನಿಂತಿತು.

ಬಗ್ಗಿ ಮೂಗಿನ ಹತ್ತಿರ ಬೆರಳಿಟ್ಟೆ. ಏನೂ ತಾಗಲಿಲ್ಲ. ಫೋನಿನ ಗಡಿಯಾರದಲ್ಲಿ ಸೆಕೆಂಡು ಓಡುತ್ತಿತ್ತು. ಐದು. ಆರು. ಏಳು. ಎತ್ತಿಕೊಳ್ಳಬೇಕು ಅಂತ ಕೈ ಚಾಚಿದ್ದೆ, ಅಷ್ಟರಲ್ಲಿ ಸಣ್ಣ ಸಣ್ಣದಾಗಿ ನಾಲ್ಕೈದು ಉಸಿರು ಒಟ್ಟಿಗೇ ಬಂದವು. ತಡವಾಗಿ ಬಂದವರು ಬಾಗಿಲಲ್ಲಿ ನುಗ್ಗುತ್ತಾರಲ್ಲ, ಹಾಗೆ. ಆಮೇಲೆ ಎಲ್ಲ ಮೊದಲಿನ ಹಾಗೆ. ಮಗುವಿಗೆ ಎಚ್ಚರವೂ ಆಗಲಿಲ್ಲ. ನನ್ನ ಎದೆ ಮಾತ್ರ ಬೆಳಗಿನವರೆಗೆ ಹೊಡೆದುಕೊಳ್ಳುತ್ತಲೇ ಇತ್ತು.

ಮಾರನೇ ದಿನ ಡಾಕ್ಟರು ನಕ್ಕರು. ಹಸುಗೂಸುಗಳಲ್ಲಿ ಇದು ಮಾಮೂಲು ಅಂದರು. ಐದರಿಂದ ಹತ್ತು ಸೆಕೆಂಡು ಉಸಿರು ನಿಲ್ಲುವುದು, ಆಮೇಲೆ ಚುರುಕಾಗಿ ಶುರುವಾಗುವುದು. ಮಿದುಳಿನ ಬುಡದಲ್ಲಿ ಉಸಿರಾಟ ನೋಡಿಕೊಳ್ಳುವ ಭಾಗ ಇನ್ನೂ ಕೆಲಸ ಕಲಿಯುತ್ತಿರುತ್ತದೆ, ಕೆಲವು ತಿಂಗಳಲ್ಲಿ ಸರಿಹೋಗುತ್ತದೆ. 20 ಸೆಕೆಂಡು ದಾಟಿದರೆ, ಇಲ್ಲವೇ ತುಟಿ ನೀಲಿಯಾದರೆ ಒಂದು ಕ್ಷಣವೂ ಕಾಯದೆ ಬನ್ನಿ, ಅಂತ ಹೇಳಿ ಕಳಿಸಿದರು.

ಅವರ ಮಾತು ನಂಬಿದೆ. ಆದರೆ ಮಾಹಿತಿ ಹುಡುಕುವ ಚಟ ಇರುವವನು ಅಲ್ಲಿಗೆ ಸುಮ್ಮನಾಗುತ್ತಾನಾ? ಅಂದಿನಿಂದ ರಾತ್ರಿ ಎರಡು ಪಟ್ಟಿ ನಡೆದವು. ಒಂದರಲ್ಲಿ ಮಗುವಿನ ಹೆಸರು, ಇನ್ನೊಂದರಲ್ಲಿ ಉಸಿರು ನಿಲ್ಲುವ ಕಾರಣಗಳು. ಈ ಎರಡು ಪಟ್ಟಿ ಎಲ್ಲೋ ಒಂದು ಕಡೆ ಒಂದಕ್ಕೊಂದು ಡಿಕ್ಕಿ ಹೊಡೆಯುತ್ತವೆ ಅಂತ ಅಂದುಕೊಂಡಿರಲಿಲ್ಲ.

ಡಿಕ್ಕಿ ಹೊಡೆದ ಜಾಗದಲ್ಲಿ ಇದ್ದದ್ದು ಒಂದು ಜೀನು. ಹೆಸರು ಫಾಕ್ಸ್2ಬಿ.

ಮೊದಲು ಅದರ ಕೆಲಸ ಹೇಳಿಬಿಡುತ್ತೇನೆ. ನಾವು ದಿನಕ್ಕೆ ಸುಮಾರು 20,000 ಸಲ ಉಸಿರಾಡುತ್ತೇವೆ. ಇದನ್ನು ನಡೆಸಲು ಎರಡು ದಾರಿ ಇವೆ. ಒಂದು ನಮ್ಮ ಇಷ್ಟದ್ದು. ಹಾಡುವಾಗ, ಮುಳುಗು ಹಾಕುವಾಗ, ಬಲೂನು ಊದುವಾಗ ಮಿದುಳಿನ ಮೇಲ್ಭಾಗದಿಂದ ಅಪ್ಪಣೆ ಹೋಗುತ್ತದೆ. ಇನ್ನೊಂದು ತನ್ನಷ್ಟಕ್ಕೆ ನಡೆಯುವಂಥದ್ದು. ಅದು ಇರುವುದು ಮಿದುಳಿನ ಬುಡದಲ್ಲಿ. ನಿದ್ದೆ ಬಂದಾಗ ಮೇಲಿನವರು ಬಾಗಿಲು ಹಾಕಿಕೊಂಡು ಹೋಗುತ್ತಾರೆ, ಬುಡದವರು ಡ್ಯೂಟಿ ಮಾಡುತ್ತಾರೆ.

ಈ ಬುಡದವರಿಗೆ ಉಸಿರಾಡುವ ಹೊತ್ತಾಯಿತು ಅಂತ ಹೇಗೆ ಗೊತ್ತಾಗುತ್ತದೆ? ಆಮ್ಲಜನಕ ಕಡಿಮೆಯಾದಾಗ ಅಂತ ನಾನು ಅಂದುಕೊಂಡಿದ್ದೆ. ಬಹಳ ಜನ ಹಾಗೇ ಅಂದುಕೊಂಡಿರುತ್ತಾರೆ. ಆದರೆ ದಿನನಿತ್ಯದ ಉಸಿರಾಟದಲ್ಲಿ ಮುಖ್ಯ ಲೆಕ್ಕ ಇಂಗಾಲದ ಡೈಆಕ್ಸೈಡಿನದು. ರಕ್ತದಲ್ಲಿ ಅದು ಒಂದಿಷ್ಟು ಏರಿದರೆ ಸಾಕು, ಉಸಿರಾಡು ಅಂತ ಒತ್ತಡ ಬರುತ್ತದೆ. 1905ರಲ್ಲಿ ಜಾನ್ ಸ್ಕಾಟ್ ಹಾಲ್ಡೇನ್ ಅನ್ನುವ ವಿಜ್ಞಾನಿ ಮತ್ತು ಅವರ ಜೊತೆಗಾರ ಪ್ರೀಸ್ಟ್ಲಿ ಇದನ್ನು ತೋರಿಸಿಕೊಟ್ಟರು. ಶ್ವಾಸಕೋಶದ ಗಾಳಿಗೂಡುಗಳಲ್ಲಿ ಇಂಗಾಲದ ಡೈಆಕ್ಸೈಡ್ ಶೇಕಡಾ 0.2ರಷ್ಟು ಏರಿದರೂ ಉಸಿರಾಟ ಹೆಚ್ಚುಕಡಿಮೆ ಎರಡರಷ್ಟಾಗುತ್ತಿತ್ತು. ಈ ಪ್ರೀಸ್ಟ್ಲಿ ಬೇರೆ, 1774ರಲ್ಲಿ ಆಮ್ಲಜನಕ ಕಂಡುಹಿಡಿದ ಪ್ರೀಸ್ಟ್ಲಿ ಬೇರೆ. ಉಸಿರಾಟದ ಚರಿತ್ರೆಯಲ್ಲಿ ಒಂದೇ ಹೆಸರಿನವರು ಇಬ್ಬರು ಬಂದು ಕೂತಿದ್ದಾರೆ, ನಾನೇನು ಮಾಡಲಿ.

ಅಂದರೆ ನಮ್ಮನ್ನು ಉಸಿರಾಡಿಸುವುದು ಒಳಗೆ ಬರಬೇಕಾದ ಗಾಳಿಗಿಂತ ಜಾಸ್ತಿ ಹೊರಗೆ ಹೋಗಬೇಕಾದ ಅನಿಲ. ಇದನ್ನು ಓದಿದ ರಾತ್ರಿ ನಾನು ಏಳನೇ ಕ್ಲಾಸಿನ ಎಲ್ಲರಿಗೂ ಒಂದೊಂದು ಕಾಗದ ಬರೆಯಬೇಕು ಅಂದುಕೊಂಡೆ.

ಆ ಅನಿಲದ ಏರಿಳಿತ ಗುರುತಿಸುವ ನರಕೋಶಗಳ ಒಂದು ಪುಟ್ಟ ಗುಂಪು ಮಿದುಳಿನ ಬುಡದಲ್ಲಿದೆ. ಪ್ರಯೋಗಶಾಲೆಯ ಇಲಿಗಳಲ್ಲಿ ಎಣಿಸಿದರೆ ಎರಡು ಸಾವಿರದ ಆಸುಪಾಸು, ಅಷ್ಟೇ. ಮಗು ಇನ್ನೂ ಹೊಟ್ಟೆಯಲ್ಲಿರುವಾಗ ಈ ಕೋಶಗಳು ಹುಟ್ಟಿ, ಬೆಳೆದು, ತಮ್ಮ ಜಾಗಕ್ಕೆ ಬಂದು ಕೂರಬೇಕಾದರೆ ಫಾಕ್ಸ್2ಬಿ ಬೇಕು. ಅದು ಮಾಡಿಸುವ ಪ್ರೋಟೀನು ಮೇಸ್ತ್ರಿ ಇದ್ದಂತೆ. ತಾನು ಇಟ್ಟಿಗೆ ಹೊರುವುದಿಲ್ಲ. ಬೇರೆ ಜೀನುಗಳ ಹತ್ತಿರ ಹೋಗಿ ನೀನು ಕೆಲಸ ಶುರು ಮಾಡು, ನೀನು ನಿಲ್ಲಿಸು, ಅನ್ನುತ್ತದೆ. ಉಸಿರು ಮಾತ್ರ ಅಲ್ಲ, ಹೃದಯದ ಬಡಿತ, ಕರುಳಿನ ಚಲನೆ, ಕಣ್ಣಿನ ಪಾಪೆ ಕಿರಿದಾಗುವುದು, ಹೀಗೆ ನಾವು ಯೋಚಿಸದೇ ನಡೆಯುವ ಎಷ್ಟೋ ಕೆಲಸಗಳ ನರಗಳಿಗೆ ಇದೇ ಮೇಸ್ತ್ರಿ.

ಈ ಪ್ರೋಟೀನು ಅಂದರೆ ಅಮೈನೋ ಆಮ್ಲ ಅನ್ನುವ 314 ಮಣಿಗಳ ಒಂದು ಸರ. ಅದರಲ್ಲಿ ಒಂದು ಕಡೆ ಅಲನೀನ್ ಅನ್ನುವ ಒಂದೇ ಅಮೈನೋ ಆಮ್ಲ 20 ಸಲ ಸಾಲಾಗಿ ಬರುತ್ತದೆ. ಮಕ್ಕಳನ್ನು ದೂರದಿಂದ ಕರೆಯುವಾಗ ಹೆಸರಿನ ಕೊನೆ ಎಳೆಯುತ್ತೇವಲ್ಲ, ಹಾಗೆ. 20 ಸಲ ಎಳೆದರೆ ಸರಿ. ಕೆಲವು ಮಕ್ಕಳಲ್ಲಿ ಈ ಎಳೆತ 24ರಿಂದ 33ರವರೆಗೆ ಹೋಗಿರುತ್ತದೆ. ಆಗ ಪ್ರೋಟೀನು ಸರಿಯಾಗಿ ಮಡಚಿಕೊಳ್ಳುವುದಿಲ್ಲ, ಮುದ್ದೆ ಕಟ್ಟುತ್ತದೆ, ಜೊತೆಗಿರುವ ಒಳ್ಳೇ ಪ್ರೋಟೀನಿನ ಕೆಲಸಕ್ಕೂ ಅಡ್ಡ ಬರುತ್ತದೆ. ಅಪ್ಪನಿಂದ ಒಂದು, ಅಮ್ಮನಿಂದ ಒಂದು ಅಂತ ಬರುವ ಎರಡು ಪ್ರತಿಗಳಲ್ಲಿ ಒಂದು ಹೀಗಾದರೂ ಸಾಕು. ಸಾಮಾನ್ಯವಾಗಿ ಎಳೆತ ಉದ್ದವಾದಷ್ಟೂ ತೊಂದರೆ ಜಾಸ್ತಿ.

ಅಂಥ ಮಗು ಎಚ್ಚರವಾಗಿದ್ದಾಗ ಹೆಚ್ಚಾಗಿ ಹೇಗೋ ಉಸಿರಾಡುತ್ತದೆ. ನಿದ್ದೆ ಹತ್ತಿದ ಮೇಲೆ ಉಸಿರು ತೆಳುವಾಗುತ್ತಾ ಹೋಗುತ್ತದೆ. ಅದರಲ್ಲೂ ಗಾಢ ನಿದ್ದೆಯಲ್ಲಿ, ಕನಸೂ ಇಲ್ಲದ ಹೊತ್ತಿನಲ್ಲಿ ಜಾಸ್ತಿ. ಇಂಗಾಲದ ಡೈಆಕ್ಸೈಡ್ ಏರುತ್ತದೆ, ಆದರೆ ಅದನ್ನು ಕಂಡು ಕೂಗಬೇಕಾದವರು ಕೂಗುವುದಿಲ್ಲ. ಮಗು ಒದ್ದಾಡುವುದೂ ಇಲ್ಲ. ಇದೇ ನನಗೆ ಎಲ್ಲಕ್ಕಿಂತ ಹೆದರಿಕೆ ಹುಟ್ಟಿಸಿದ್ದು. ಉಸಿರು ಕಟ್ಟಿದಾಗ ನಮಗಾಗುವ ಆ ಸಂಕಟವೇ ಅವರಿಗೆ ಆಗುವುದಿಲ್ಲ. ಆದ್ದರಿಂದಲೇ ಈ ಮಕ್ಕಳು ದೊಡ್ಡವರಾದಾಗ ನೀರಿನಲ್ಲಿ ಉಸಿರು ಹಿಡಿಯುವ ಪಂದ್ಯ ಕಟ್ಟಬಾರದು ಅಂತ ಡಾಕ್ಟರುಗಳು ಎಚ್ಚರಿಸುತ್ತಾರೆ. ಪಂದ್ಯ ಅವರೇ ಗೆಲ್ಲಬಹುದು. ಮೇಲೆ ಬಾ ಅಂತ ಹೇಳುವವರು ಒಳಗೆ ಯಾರೂ ಇರುವುದಿಲ್ಲ.

ಮದ್ದು ಅಂತ ಇಲ್ಲ. ನಿದ್ದೆಯ ಹೊತ್ತು ವೆಂಟಿಲೇಟರ್ ಬೇಕು, ಬದುಕಿರುವವರೆಗೂ. ಚಿಕ್ಕವರಿಗೆ ಕತ್ತಿನಲ್ಲಿ ತೂತು ಮಾಡಿ ಕೊಳವೆ ಇಡುತ್ತಾರೆ, ದೊಡ್ಡವರಾದ ಮೇಲೆ ಕೆಲವರು ಮಾಸ್ಕಿಗೆ ಬದಲಾಗುತ್ತಾರೆ. ಎದೆಗೂ ಹೊಟ್ಟೆಗೂ ನಡುವೆ ಇರುವ ವಪೆ ಅನ್ನುವ ಸ್ನಾಯುವಿನ ನರಕ್ಕೆ ವಿದ್ಯುತ್ ಮಿಡಿತ ಕೊಟ್ಟು ಉಸಿರಾಡಿಸುವ ಸಾಧನವೂ ಇದೆ. ಇಷ್ಟರ ಸಹಾಯದಿಂದ ಓದಿ, ಕೆಲಸಕ್ಕೆ ಸೇರಿ, ಸಂಸಾರ ಮಾಡಿಕೊಂಡಿರುವವರಿದ್ದಾರೆ. ಕಾಯಿಲೆ ಬಲು ಅಪರೂಪ. ಅದಕ್ಕೂ ನನ್ನ ಮಗಳಿಗೂ ಸಂಬಂಧ ಇಲ್ಲ ಅಂತ ಆ ಹೊತ್ತಿಗೆ ನನಗೆ ಗೊತ್ತಾಗಿತ್ತು. ಆದರೂ ಓದುವುದು ಬಿಡಲಿಲ್ಲ. ಕಾರಣ ಹೆಸರುಗಳು.

ಮೊದಲು ಜೀನಿನ ಹೆಸರೇ ನೋಡಿ. ಫಾಕ್ಸ್ ಅಂದ ಕೂಡಲೇ ನರಿ ನೆನಪಾಗುತ್ತದೆ. ನರಿಗೂ ಇದಕ್ಕೂ ಸಂಬಂಧ ಇಲ್ಲ. 'ಪೇರ್ಡ್-ಲೈಕ್ ಹೋಮಿಯೋಬಾಕ್ಸ್' ಅನ್ನುವುದನ್ನು ಕುಗ್ಗಿಸಿ ಹೀಗೆ ಮಾಡಿದ್ದಾರೆ. ಪೇರ್ಡ್ ಅನ್ನುವುದು ಹಣ್ಣಿನ ನೊಣದ ಒಂದು ಜೀನು. ಅದು ಕೆಟ್ಟರೆ ನೊಣದ ಮರಿಹುಳುವಿನ ಮೈಯಲ್ಲಿ ಒಂದು ಬಿಟ್ಟು ಒಂದು ಪಟ್ಟಿ ಕಾಣೆಯಾಗುತ್ತದೆ. ಆ ಜೀನನ್ನು ಹೋಲುವುದು, ಅದರಲ್ಲಿ ಎರಡನೆಯದು, ಅದರಲ್ಲಿ ಬಿ. ಎ ಅನ್ನುವ ಒಡಹುಟ್ಟು 11ನೇ ಕ್ರೋಮೋಸೋಮಿನಲ್ಲಿದೆ, ನಮ್ಮ ಬಿ ಇರುವುದು 4ನೆಯದರಲ್ಲಿ. ಅಂದರೆ ಮನುಷ್ಯನನ್ನು ನಿದ್ದೆಯಲ್ಲಿ ಬದುಕಿಸುವ ಜೀನಿನ ಹೆಸರಿನಲ್ಲಿ ಮನುಷ್ಯನೂ ಇಲ್ಲ, ನಿದ್ದೆಯೂ ಇಲ್ಲ, ಉಸಿರೂ ಇಲ್ಲ. ಒಂದು ನೊಣದ ಮರಿ ಇದೆ. ಇಂಥವರ ಮಗ, ಇಂಥವರ ತಮ್ಮ ಅಂತ ಗುರುತು ಹೇಳುತ್ತಾರಲ್ಲ, ಆ ಜಾತಿಯ ಹೆಸರು.

ಕನ್ನಡದಲ್ಲಿ ಬರೆದರೆ ಇನ್ನೊಂದು ತಮಾಷೆ. ಬೇರೊಂದು ಜೀನುಗಳ ಕುಟುಂಬವಿದೆ, ಫೋರ್ಕ್‌ಹೆಡ್ ಬಾಕ್ಸ್ ಅಂತ. ಅದನ್ನು ಕುಗ್ಗಿಸಿದರೂ ಫಾಕ್ಸ್ ಆಗುತ್ತದೆ. ಇಂಗ್ಲಿಷಿನಲ್ಲಿ ಕಾಗುಣಿತ ಬೇರೆ (ನಮ್ಮದು PHOX, ಅದು FOX), ನಮ್ಮ ಲಿಪಿಯಲ್ಲಿ ಎರಡೂ ಒಂದೇ. ಆ ಕುಟುಂಬದ ಫಾಕ್ಸ್‌ಪಿ2 ಜೀನು ಕೆಟ್ಟವರಿಗೆ ಮಾತಾಡುವುದು ಕಷ್ಟ ಆಗುತ್ತದೆ ಅಂತ 2001ರಲ್ಲಿ ಗೊತ್ತಾಯಿತು. ಒಂದು ಫಾಕ್ಸು ಉಸಿರಿಗೆ, ಇನ್ನೊಂದು ಫಾಕ್ಸು ಮಾತಿಗೆ. ಹಳೇ ಕನ್ನಡ ಕಾವ್ಯಗಳಲ್ಲಿ 'ಉಸಿರ್' ಅಂದರೆ ಹೇಳು, ಮಾತಾಡು ಅಂತಲೂ ಅರ್ಥ ಇದೆ. ಗುಟ್ಟು ಉಸುರಿದ ಅನ್ನುತ್ತೇವೆ. ಈ ವಿಷಯ ಉಸಿರೆತ್ತಬೇಡ ಅಂದರೆ ಬಾಯಿಬಿಡಬೇಡ ಅಂತ, ಉಸಿರಾಡಬೇಡ ಅಂತ ಅಲ್ಲ. ಇದೊಂದು ಕಾಕತಾಳೀಯ, ಇದರಿಂದ ವಿಜ್ಞಾನಕ್ಕೆ ಮೂರು ಕಾಸಿನ ಉಪಯೋಗ ಇಲ್ಲ. ನನಗೆ ಮಾತ್ರ ಒಂದು ವಾರ ಖುಷಿ ಕೊಟ್ಟಿತು.

ಇಂಥ ಹೆಸರುಗಳನ್ನು ಸರಿಯಾಗಿಡಲು ಒಂದು ಅಂತರರಾಷ್ಟ್ರೀಯ ಸಮಿತಿಯೇ ಇದೆ. ಅವರೂ ಬೇಸ್ತು ಬೀಳುತ್ತಾರೆ. ಸೆಪ್ಟ್1, ಮಾರ್ಚ್1 ಅನ್ನುವ ಜೀನುಗಳ ಹೆಸರನ್ನು ಎಕ್ಸೆಲ್‌ನಲ್ಲಿ ತುಂಬಿದರೆ ಅದು ತಾರೀಖು ಮಾಡಿಬಿಡುತ್ತಿತ್ತು. ಎಕ್ಸೆಲ್ ಬದಲಾಗಲಿ ಅಂತ ಕಾದು ಸಾಕಾಗಿ 2020ರಲ್ಲಿ ಜೀನುಗಳ ಹೆಸರನ್ನೇ ಬದಲಿಸಿದರು. ಕೋಟ್ಯಂತರ ವರ್ಷ ಹಳೆಯ ಜೀನುಗಳು, ಒಂದು ಸಾಫ್ಟ್‌ವೇರಿಗೆ ಸೋತವು.

ಉಸಿರಿನ ತಾಳ ಹಾಕುವ ನರಕೋಶಗಳ ಗುಂಪಿನ ಕತೆ ಇನ್ನೂ ಚೆನ್ನಾಗಿದೆ. ಅದರ ಹೆಸರು ಪ್ರಿ-ಬೋಟ್ಸಿಂಗರ್ ಕಾಂಪ್ಲೆಕ್ಸ್. ಬೋಟ್ಸಿಂಗರ್ ಅಂದರೆ ಯಾರೋ ದೊಡ್ಡ ವಿಜ್ಞಾನಿ ಇರಬೇಕು ಅಂತ ಅಂದುಕೊಂಡಿದ್ದೆ. ಅಲ್ಲ, ಅದು ವೈನು. 1978ರಲ್ಲಿ ಜರ್ಮನಿಯಲ್ಲಿ ನಡೆದ ಒಂದು ಸಭೆಯ ಊಟದ ಹೊತ್ತಿಗೆ ಜ್ಯಾಕ್ ಫೆಲ್ಡ್‌ಮನ್ ಅನ್ನುವ ವಿಜ್ಞಾನಿ ಮೇಜಿನ ಮೇಲಿದ್ದ ಬಾಟಲಿಯ ಲೇಬಲ್ ನೋಡಿ ಪಕ್ಕದ ನರಕೋಶಗಳ ಗುಂಪಿಗೆ ಆ ಹೆಸರು ಕೊಟ್ಟರು. ಆಮೇಲೆ ಅದರ ಪಕ್ಕದಲ್ಲೇ ತಾಳ ಹಾಕುವ ಗುಂಪು ಸಿಕ್ಕಿತು, 1991ರಲ್ಲಿ ಅದನ್ನು ಪ್ರಕಟಿಸಿದರು. ಹೀಗಾಗಿ ನಮ್ಮೆಲ್ಲರ ಉಸಿರಿನ ತಾಳಕ್ಕೆ 'ವೈನಿನ ಮುಂದಿನದು' ಅಂತ ಹೆಸರು. ಹೆಂಡತಿಗೆ ಇದನ್ನು ಹೇಳಿದೆ. "ಮೊದಲು ಮಗುಗೆ ಒಂದು ಹೆಸರು ಹುಡುಕು ಮಾರಾಯ, ವೈನು ಆಮೇಲೆ" ಅಂದಳು.

ಕಾಯಿಲೆಗಳ ಹೆಸರಿಗೆ ಬಂದರೆ, ಫಾಕ್ಸ್2ಬಿ ಕೆಟ್ಟ ಮಕ್ಕಳಲ್ಲಿ ಕೆಲವರಿಗೆ ಕರುಳಿನ ಕೊನೆಯ ಭಾಗದಲ್ಲಿ ನರಗಳೇ ಇರುವುದಿಲ್ಲ. ಅದಕ್ಕೆ ಹಿರ್ಷ್‌ಸ್ಪ್ರುಂಗ್ ಕಾಯಿಲೆ ಅನ್ನುತ್ತಾರೆ. 1886ರಲ್ಲಿ ಅದನ್ನು ವಿವರಿಸಿದ ಡೆನ್ಮಾರ್ಕಿನ ಡಾಕ್ಟರ ಮನೆಹೆಸರು ಅದು. ಜರ್ಮನ್ ಭಾಷೆಯಲ್ಲಿ ಅದರ ಅರ್ಥ ಜಿಂಕೆಯ ನೆಗೆತ. ಅಲ್ಲಾಡದ ಕರುಳಿಗೆ ಜಿಂಕೆಯ ನೆಗೆತ! ಉಸಿರಿನ ತೊಂದರೆ, ಕರುಳಿನ ತೊಂದರೆ ಎರಡೂ ಒಟ್ಟಿಗೆ ಬಂದರೆ ಹದ್ದಾದ್ ಸಿಂಡ್ರೋಮ್. ಇದೂ ಒಬ್ಬ ಡಾಕ್ಟರ ಹೆಸರೇ. ಅರಬ್ಬಿಯಲ್ಲಿ ಹದ್ದಾದ್ ಅಂದರೆ ಕಮ್ಮಾರ. ಇಲ್ಲಿ ಮಾತ್ರ ನಾನು ಸ್ವಲ್ಪ ಹೊತ್ತು ಸುಮ್ಮನೆ ಕೂತೆ. ಕಮ್ಮಾರನ ಮುಂದೆ ತಿದಿ ಇರುತ್ತದೆ. ತಿದಿ ಒತ್ತುತ್ತಲೇ ಇರಬೇಕು, ಕೈ ನಿಂತರೆ ಕೆಂಡ ಕಪ್ಪಾಗುತ್ತದೆ. ತಾನಾಗಿ ಉಸಿರಾಡದ ಮಗುವಿನ ಪಕ್ಕ ರಾತ್ರಿಯಿಡೀ ಯಂತ್ರ ಮಾಡುವ ಕೆಲಸ ಬೇರೇನು? ಹೆಸರಿಟ್ಟವರು ಇದನ್ನು ಯೋಚಿಸಿರಲಿಕ್ಕಿಲ್ಲ. ಆದರೂ ಒಂದು ಹೆಸರು ಅಪ್ಪಿತಪ್ಪಿ ಸರಿಯಾದ ಜಾಗಕ್ಕೆ ಬಂದು ಕೂತಿತ್ತು.

ತಪ್ಪು ಜಾಗಕ್ಕೆ ಬಂದು ಕೂತ ಹೆಸರುಗಳೇ ಜಾಸ್ತಿ. ಆಮ್ಲಜನಕ ಅನ್ನುವುದನ್ನೇ ತಗೊಳ್ಳಿ. ಆಮ್ಲಗಳನ್ನು ಹುಟ್ಟಿಸುವುದು ಇದೇ ಅಂತ ಫ್ರಾನ್ಸಿನ ರಸಾಯನ ವಿಜ್ಞಾನಿ ಲಾವೋಸಿಯೆ ತಿಳಿದುಕೊಂಡು ಆಕ್ಸಿಜನ್ ಅಂತ ಹೆಸರಿಟ್ಟರು. ಅದು ತಪ್ಪು ಅಂತ ಆಮೇಲೆ ಗೊತ್ತಾಯಿತು, ಹೈಡ್ರೋಕ್ಲೋರಿಕ್ ಆಮ್ಲದಲ್ಲಿ ಆಮ್ಲಜನಕ ಇಲ್ಲವೇ ಇಲ್ಲ. ನಾವು ಆ ತಪ್ಪನ್ನು ಅಕ್ಷರಕ್ಕೆ ಅಕ್ಷರ ಕನ್ನಡಕ್ಕೆ ತಂದು ಮಕ್ಕಳಿಗೆ ಬಾಯಿಪಾಠ ಮಾಡಿಸುತ್ತಿದ್ದೇವೆ. ವಂಶವಾಹಿ ಅನ್ನುವ ಪದ ಇನ್ನೊಂದು. ಜೀನು ಅಂದರೆ ಕುದುರೆ ಬೆನ್ನಿನದು ನೆನಪಾಗುತ್ತದೆ ಅಂತಲೋ ಏನೋ ವಂಶವಾಹಿ ಅಂತ ಮಾಡಿದ್ದಾರೆ. ಫಾಕ್ಸ್2ಬಿ ವಿಷಯದಲ್ಲಿ ಆ ಪದ ದಾರಿ ತಪ್ಪಿಸುತ್ತದೆ. ಹೆಚ್ಚಿನ ಮಕ್ಕಳಲ್ಲಿ ಈ ದೋಷ ವಂಶದಿಂದ ಬಂದದ್ದಲ್ಲ, ಅವರಲ್ಲೇ ಹೊಸದಾಗಿ ಆದದ್ದು. ಅಪ್ಪ ಅಮ್ಮನ ಜೀನು ನೆಟ್ಟಗಿರುತ್ತದೆ. ನಿಮ್ಮ ಕಡೆ ಯಾರಿಗಿತ್ತು ಅಂತ ಒಬ್ಬ ತಾಯಿಯನ್ನು ಕೇಳಿದರೆ ಅವಳು ಏನು ಹೇಳಬೇಕು? ಒಂದು ಪದದ ಭಾರ ಯಾರ ಹೆಗಲ ಮೇಲೆ ಬೀಳುತ್ತದೆ ನೋಡಿ.

ಈಗ ಎಲ್ಲಕ್ಕಿಂತ ಅನ್ಯಾಯದ ಹೆಸರಿಗೆ ಬರುತ್ತೇನೆ.

1962ರಲ್ಲಿ ಸೆವೆರಿಂಗ್‌ಹೌಸ್ ಮತ್ತು ಮಿಚೆಲ್ ಅನ್ನುವ ಇಬ್ಬರು ಡಾಕ್ಟರುಗಳು ಮೂವರು ರೋಗಿಗಳ ಬಗ್ಗೆ ಬರೆದರು. ಮಿದುಳಿನ ಬುಡ, ಕತ್ತಿನ ಭಾಗದ ಬೆನ್ನುಹುರಿಯಲ್ಲಿ ಆಪರೇಷನ್ ಆದವರು. ಉಸಿರಾಡಿ ಅಂದರೆ ಆಡುತ್ತಿದ್ದರು, ಸುಮ್ಮನೆ ಬಿಟ್ಟರೆ ಮರೆತುಬಿಡುತ್ತಿದ್ದರು. ಡಾಕ್ಟರುಗಳು ಇದಕ್ಕೆ 'ಓಂಡೀನಳ ಶಾಪ' ಅಂತ ಹೆಸರಿಟ್ಟರು. 1970ರಲ್ಲಿ ಹುಟ್ಟಿನಿಂದಲೇ ಹೀಗಿರುವ ಮಗುವಿನ ವರದಿ ಬಂದಮೇಲೆ ಅದೇ ಹೆಸರು ಮಕ್ಕಳಿಗೂ ಅಂಟಿತು. 2003ರಲ್ಲಿ ಝಾನ್ ಅಮಿಯೆಲ್ ಮತ್ತು ಸಂಗಡಿಗರು ಪ್ಯಾರಿಸ್‌ನಲ್ಲಿ ಫಾಕ್ಸ್2ಬಿಯ ದೋಷ ಕಂಡುಹಿಡಿಯುವ ಹೊತ್ತಿಗೆ ಆ ಹೆಸರಿಗೆ ನಲವತ್ತು ವರ್ಷ ದಾಟಿತ್ತು.

ಓಂಡೀನ್ ಯಾರು? ಹಳೇ ಯುರೋಪಿನ ಕತೆಗಳ ಜಲಕನ್ಯೆ. 16ನೇ ಶತಮಾನದಲ್ಲಿ ಪ್ಯಾರಾಸೆಲ್ಸಸ್ ಅನ್ನುವ ವೈದ್ಯ ನೀರಿನಲ್ಲಿರುವ ಜೀವಿಗಳಿಗೆ ಲ್ಯಾಟಿನ್ನಿನ 'ಉಂಡ' ಅನ್ನುವ ಪದದಿಂದ ಈ ಹೆಸರು ಮಾಡಿದ. ಉಂಡ ಅಂದರೆ ಅಲೆ. ಡಾಕ್ಟರುಗಳ ಕಿವಿಗೆ ಬಿದ್ದದ್ದು ಝಾನ್ ಝಿರಾಡು 1939ರಲ್ಲಿ ಆಡಿಸಿದ ಫ್ರೆಂಚ್ ನಾಟಕದ ಓಂಡೀನ್. ಅವಳು ಹಾನ್ಸ್ ಅನ್ನುವ ಸರದಾರನನ್ನು ಪ್ರೀತಿಸುತ್ತಾಳೆ. ಅವನು ಅವಳನ್ನು ಬಿಟ್ಟು ಬೇರೆಯವಳ ಹಿಂದೆ ಹೋಗುತ್ತಾನೆ. ಅವನು ಮೋಸ ಮಾಡಿದರೆ ಸಾಯಬೇಕು ಅನ್ನುವುದು ಜಲಲೋಕದ ರಾಜನ ಕರಾರು. ಕೊನೆಗೆ ಹಾನ್ಸನ ಮೈ ತಾನಾಗಿ ಮಾಡುತ್ತಿದ್ದ ಕೆಲಸಗಳೆಲ್ಲ ನಿಲ್ಲುತ್ತವೆ. ನೋಡುವುದು, ಕೇಳುವುದು, ಉಸಿರಾಡುವುದು, ಎಲ್ಲಕ್ಕೂ ಅವನೇ ಅಪ್ಪಣೆ ಕೊಡುತ್ತಿರಬೇಕು. ಉಸಿರಾಡಲೂ ಪುರುಸೊತ್ತಿಲ್ಲ ಅಂತ ನಾವು ಹಗುರವಾಗಿ ಹೇಳುತ್ತೇವಲ್ಲ, ಅವನಿಗೆ ಉಸಿರಾಟ ಬಿಟ್ಟರೆ ಬೇರೆಯದಕ್ಕೆ ಪುರುಸೊತ್ತಿಲ್ಲ.

ಗಮನಿಸಿ, ಶಾಪ ಹಾಕಿದ್ದು ಓಂಡೀನ್ ಅಲ್ಲ. ಅವಳು ಅವನನ್ನು ಉಳಿಸಲು ಸುಳ್ಳು ಕೂಡ ಹೇಳುತ್ತಾಳೆ. ಮೊದಲು ಮೋಸ ಮಾಡಿದವಳು ನಾನೇ ಅನ್ನುತ್ತಾಳೆ. ತಪ್ಪು ಮಾಡಿದವನು ಒಬ್ಬ, ಶಿಕ್ಷೆ ವಿಧಿಸಿದವನು ಇನ್ನೊಬ್ಬ, ವೈದ್ಯರ ಪುಸ್ತಕದಲ್ಲಿ ಹೆಸರು ಕೆಡಿಸಿಕೊಂಡವಳು ಅವಳು. ಅದಕ್ಕಿಂತ ಹೆಚ್ಚಾಗಿ, ಆಗಷ್ಟೇ ಹುಟ್ಟಿದ ಮಗುವಿನ ಚೀಟಿಯಲ್ಲಿ 'ಶಾಪ' ಅಂತ ಬರೆದರೆ ಹೆತ್ತವರಿಗೆ ಹೇಗಾಗಬೇಡ? ಈಗ ಡಾಕ್ಟರುಗಳು 'ಹುಟ್ಟಿನಿಂದ ಬಂದ ಕೇಂದ್ರೀಯ ಉಸಿರಾಟದ ಕೊರತೆ' ಅನ್ನುವ ಅರ್ಥದ ಉದ್ದದ ಹೆಸರನ್ನೇ ಬಳಸುತ್ತಾರೆ. ಬಾಯಲ್ಲಿ ತಿರುಗುವುದಿಲ್ಲ, ನೆನಪಲ್ಲಿ ನಿಲ್ಲುವುದಿಲ್ಲ. ಆದರೂ ಅದೇ ವಾಸಿ. ಕತೆಯಿಲ್ಲದ ಹೆಸರು ಕೆಲವು ಸಲ ದೊಡ್ಡ ಉಪಕಾರ.

ಇಷ್ಟರಲ್ಲಿ ನನ್ನ ಇನ್ನೊಂದು ಪಟ್ಟಿಯಲ್ಲಿ ಉಳಿದದ್ದು ಮೂರೇ ಹೆಸರು. ಎಲ್ಲಕ್ಕಿಂತ ಮೇಲಿದ್ದದ್ದು ಹೆಂಡತಿ ಆರಿಸಿದ ಊರ್ಮಿ. ಊರ್ಮಿ ಅಂದರೆ ಏನು? ಅಲೆ.

ರಾತ್ರಿ ಎರಡು ಗಂಟೆಗೆ ಈ ಎರಡನ್ನೂ ಅಕ್ಕಪಕ್ಕ ನೋಡಿದವನ ಗತಿ ಊಹಿಸಿ. ಓಂಡೀನ್, ಅಲೆ. ಊರ್ಮಿ, ಅಲೆ. ಸಾಲದ್ದಕ್ಕೆ ಊರ್ಮಿಳೆ ನೆನಪಾದಳು. ಲಕ್ಷ್ಮಣ ಕಾಡಿನಲ್ಲಿ ನಿದ್ದೆಗೆಟ್ಟು ಕಾವಲು ನಿಂತಾಗ ಅವನ ಪಾಲಿನ ನಿದ್ದೆಯನ್ನೂ ತಾನೇ ತಗೊಂಡು ಹದಿನಾಲ್ಕು ವರ್ಷ ಮಲಗಿದಳು ಅಂತ ಜನ ಹಾಡುವ ಕತೆಯ ಊರ್ಮಿಳೆ. ಅಲೆ, ನಿದ್ದೆ, ಉಸಿರು. ನಾನು ಮೂಢನಂಬಿಕೆಯವನಲ್ಲ. ಆದರೆ ಆ ಹೊತ್ತಿನಲ್ಲಿ, ಆ ಕತ್ತಲಲ್ಲಿ, ಏಳು ಸೆಕೆಂಡು ಎಣಿಸಿದ ಅನುಭವ ಇನ್ನೂ ಹಸಿಯಾಗಿರುವಾಗ, ಆ ಹೆಸರನ್ನು ಅಳಿಸಿಬಿಟ್ಟೆ.

ಬೆಳಿಗ್ಗೆ ಹೆಂಡತಿ ಪಟ್ಟಿ ನೋಡಿ ಕೇಳಿದಳು. ಎಲ್ಲ ಹೇಳಿದೆ. ಅವಳು ಮಗುವಿಗೆ ಹಾಲು ಕುಡಿಸುತ್ತಾ ಕೇಳಿಸಿಕೊಂಡಳು. ಆಮೇಲೆ, "ನಿಂಗೆ ಗ್ಯಾಸ್ ಅಂತ ಹೆಸರಿಟ್ಟು ನಲವತ್ತು ವರ್ಷ ಆಯ್ತು. ಎಲ್ಲಾದ್ರೂ ಸ್ಫೋಟ ಆಯ್ತಾ?" ಅಂದಳು.

ಇದಕ್ಕೆ ಉತ್ತರ ಇರಲಿಲ್ಲ. ಊರ್ಮಿ ಮತ್ತೆ ಪಟ್ಟಿಗೆ ಬಂತು. ಕೊನೆಗೆ ಯಾವ ಹೆಸರು ಇಟ್ಟೆವು ಅಂತ ಇಲ್ಲಿ ಹೇಳುವುದಿಲ್ಲ. ಅದು ಮಗಳದ್ದು, ಹೇಳುವುದಿದ್ದರೆ ಅವಳು ಹೇಳಲಿ.

ಗ್ಯಾಸ್ ಅನ್ನುವ ಪದದ ಬೆನ್ನು ಹತ್ತಿದಾಗ ಒಂದು ವಿಷಯ ಸಿಕ್ಕಿತು, ಅದನ್ನೂ ಹೇಳಿಬಿಡುತ್ತೇನೆ. ಆ ಪದ ಹುಟ್ಟಿಸಿದವನು 17ನೇ ಶತಮಾನದ ವಿಜ್ಞಾನಿ ಫಾನ್ ಹೆಲ್ಮಾಂಟ್. 62 ಪೌಂಡ್ ಇದ್ದಿಲು ಸುಟ್ಟರೆ ಒಂದೇ ಪೌಂಡ್ ಬೂದಿ ಉಳಿಯುತ್ತದೆ, ಮಿಕ್ಕಿದ್ದು ಎಲ್ಲಿಗೆ ಹೋಯಿತು ಅಂತ ಅವನು ಕೇಳಿದ. ಪಾತ್ರೆಯಲ್ಲಿ ಹಿಡಿದಿಡಲಾಗದ ಆ ಕಾಡು ಆವಿಗೆ ಗ್ರೀಕಿನ 'ಖಾವೋಸ್' ಪದದ ಮೇಲೆ ಗ್ಯಾಸ್ ಅಂತ ಹೆಸರಿಟ್ಟ. ಖಾವೋಸ್ ಅಂದರೆ ರೂಪವಿಲ್ಲದ ಶೂನ್ಯ. ಈ ಪದವನ್ನು ಅವನಿಗಿಂತ ಮೊದಲು, ಜೀವಿಗಳು ಬದುಕುವ ಸುತ್ತಲಿನ ಮಾಧ್ಯಮ ಅನ್ನುವ ಅರ್ಥದಲ್ಲಿ ಬಳಸಿದ್ದವನು ಯಾರು ಗೊತ್ತಾ? ಓಂಡೀನಳಿಗೆ ಹೆಸರಿಟ್ಟ ಅದೇ ಪ್ಯಾರಾಸೆಲ್ಸಸ್. ಹೆಲ್ಮಾಂಟ್ ಇದ್ದಿಲಿನಿಂದ ಎಬ್ಬಿಸಿದ ಆ ಕಾಡು ಗ್ಯಾಸು ಬೇರೇನೂ ಅಲ್ಲ, ಇಂಗಾಲದ ಡೈಆಕ್ಸೈಡ್.

ಉಸಿರನ್ನೇ ಹೆಸರು ಮಾಡಿಕೊಂಡವರು ಎಲ್ಲ ಕಡೆ ಇದ್ದಾರೆ. ತುರ್ಕಿಯಲ್ಲಿ ನೆಫೆಸ್ ಅನ್ನುವ ಹುಡುಗಿಯರಿದ್ದಾರೆ, ಜಪಾನಿನಲ್ಲಿ ಇಬುಕಿ ಅನ್ನುವವರಿದ್ದಾರೆ, ಎರಡಕ್ಕೂ ಉಸಿರು ಅಂತಲೇ ಅರ್ಥ. ಬೈಬಲಿನಲ್ಲಿ ಅಣ್ಣನ ಕೈಯಲ್ಲಿ ಸಾಯುವ ಆಬೇಲನ ಹೀಬ್ರೂ ಹೆಸರು ಹೆವೆಲ್. ಬಾಯಿಂದ ಬಂದು ಕರಗಿಹೋಗುವ ಆವಿ ಅಂತ. ಪಾಪ, ಹೆಸರಿಗೆ ತಕ್ಕ ಹಾಗೆ ಎರಡು ಪುಟದಲ್ಲೇ ಮುಗಿದುಹೋದ. ನಮ್ಮಲ್ಲಿ ಪ್ರಾಣೇಶ, ಪವನ, ಮಾರುತಿ ಇದ್ದಾರೆ. ಹೆಸರು ಕರೆಯುವುದಕ್ಕೂ ಉಸಿರೇ ಬೇಕು, ಅದರಲ್ಲೂ ಹೊರಗೆ ಬಿಡುವ ಉಸಿರು. ಒಳಗೆ ಎಳೆದುಕೊಳ್ಳುತ್ತಾ ಯಾರನ್ನಾದರೂ ಕರೆದು ನೋಡಿ, ನಗು ಬರುತ್ತದೆ.

ಕನ್ನಡದಲ್ಲಿ ಹೆಸರು, ಉಸಿರು ಅಂತ ಪ್ರಾಸ ಹೊಂದುವುದನ್ನು ಎಲ್ಲರೂ ಗಮನಿಸಿರುತ್ತಾರೆ. ಇನ್ನೊಂಚೂರು ಕೆದಕಿದರೆ ಸೊಗಸಾಗಿದೆ. ಹಳಗನ್ನಡದಲ್ಲಿ ಇವು ಪೆಸರ್, ಉಸಿರ್. ತಮಿಳಿನಲ್ಲಿ ಪೆಯರ್, ಉಯಿರ್. ಎರಡು ಪದದಲ್ಲೂ ನಾವು ಸಕಾರ ಉಳಿಸಿಕೊಂಡಿದ್ದೇವೆ, ಅವರಲ್ಲಿ ಅದು ಯಕಾರ ಆಗಿದೆ. ನಡೆದ ದಾರಿಯೂ ಒಂದೇ ಥರ. ಅರ್ಥದಲ್ಲಿ ಮಾತ್ರ ಚೂರು ವ್ಯತ್ಯಾಸ. ತಮಿಳರ ಉಯಿರ್ ಅಂದರೆ ಜೀವ. ನಮ್ಮ ಉಸಿರು ಅಂದರೆ ಜೀವ ಇದೆಯಾ ಅಂತ ನೋಡಲು ಮೂಗಿನ ಹತ್ತಿರ ಬೆರಳಿಟ್ಟಾಗ ತಾಗುವಂಥದ್ದು.

ಮಗಳಿಗೆ ಈಗ ಎಂಟು ವರ್ಷ. ಮೊನ್ನೆ ಶಾಲೆಯಿಂದ ಬಂದವಳು ಬ್ಯಾಗು ಕೂಡ ಇಳಿಸದೆ, "ಅಪ್ಪಾ, ಉಸಿರು ಹಿಡ್ಕೊಳ್ಳೋ ಕಾಂಪಿಟಿಷನ್, ನೀನೂ ಬಾ" ಅಂದಳು. ಇಬ್ಬರೂ ನೆಲದ ಮೇಲೆ ಕೂತೆವು. ಅವಳು ಕೆನ್ನೆ ಉಬ್ಬಿಸಿ, ಎರಡು ಬೆರಳಲ್ಲಿ ಮೂಗು ಹಿಡಿದುಕೊಂಡಳು. ನಾನು ಫೋನಿನ ಗಡಿಯಾರ ನೋಡಿದೆ, ಹಳೇ ಅಭ್ಯಾಸ. ಹತ್ತು. ಹದಿನೈದು. ಇಪ್ಪತ್ತಕ್ಕೆ ಕಣ್ಣು ಅಗಲವಾಯಿತು. ಇಪ್ಪತ್ತೈದಕ್ಕೆ ಕಾಲು ಒದರತೊಡಗಿದಳು, ಹೊಟ್ಟೆ ತಾನಾಗಿ ಎಗರುತ್ತಿತ್ತು. ಅವಳು ಬೇಡ ಅಂದರೂ ವಪೆ ಕೇಳುತ್ತಿರಲಿಲ್ಲ. ಮೂವತ್ತೊಂದಕ್ಕೆ ಭುಸ್ ಅಂತ ಬಿಟ್ಟು ಅಂಗಾತ ಬಿದ್ದಳು. ಮುಖ ಕೆಂಪಗೆ. ಅಷ್ಟು ಒದ್ದಾಡಿದ್ದು ನೋಡಿ ನನಗೆ ಯಾಕೆ ಅಷ್ಟು ಸಂತೋಷ ಆಯಿತು ಅಂತ ಅವಳಿಗೆ ಗೊತ್ತಿಲ್ಲ.

"ಆಮ್ಲಜನಕ ಇನ್ನೂ ಇತ್ತಲ್ವಾ ಒಳಗೆ? ಯಾಕೆ ಹಿಡ್ಕೊಳ್ಳೋಕೆ ಆಗಲ್ಲ?" ಅಂದಳು.

"ಅನಿಲ ಬಿಡಲ್ಲ ಪುಟ್ಟಾ" ಅಂದೆ.

ಅವಳು ಎದ್ದು ಕೂತು ನನ್ನನ್ನೇ ನೋಡಿದಳು. "ನೀನಾ?"